ನಡುಗಲ್ಲಿಗೆ ಕಟ್ಟಿದ ಹಗ್ಗ

ಅತಿಥಿಯ ತೂಕ ತೊಂಬತ್ತೆರಡು ಕೆಜಿ. ಅವರು ಕಾರಿನಿಂದ ಒಂದೊಂದೇ ಕಾಲು ಹೊರಗಿಟ್ಟು ಇಳಿಯುವುದನ್ನು ನೋಡಿಯೇ ಗೂನ ತೂಗಿಬಿಟ್ಟ. ಮೂವತ್ತು ವರ್ಷ ಹೊತ್ತವನ ಕಣ್ಣಿಗೆ ತಕ್ಕಡಿ ಬೇಕಿಲ್ಲ. ಆದರೆ ಮೂಟೆಯ ತೊಂಬತ್ತೆರಡೇ ಬೇರೆ, ಮನುಷ್ಯನ ತೊಂಬತ್ತೆರಡೇ ಬೇರೆ. ಮೂಟೆ ಸತ್ತ ಹಾಗೆ ಬಿದ್ದಿರುತ್ತದೆ. ಮನುಷ್ಯ ಅತ್ತ ನೋಡುತ್ತಾನೆ, ಇತ್ತ ವಾಲುತ್ತಾನೆ, ಕೈ ಎತ್ತಿ ಏನೋ ತೋರಿಸುತ್ತಾನೆ. ಅಲುಗುವ ಹೊರೆ ಬೆನ್ನನ್ನು ತಿನ್ನುತ್ತದೆ.

"ನೂರಾಹತ್ತು ಅಂತ ಇಟ್ಕೋ," ಎಂದಳು ಪಕ್ಕದಲ್ಲಿ ನಿಂತಿದ್ದ ಅಕ್ಕ. "ಹೊಟ್ಟೆ ನೋಡು. ಈಗಷ್ಟೇ ತಿಂಡಿ ಆಗಿದೆ."

"ಸುಮ್ನಿರಕ್ಕ, ಕೇಳಿಸುತ್ತೆ."

"ಕೇಳಿಸ್ಲಿ ಬಿಡೋ. ಹೊರೆಗೆ ಕಿವಿ ಇದ್ರೆ ಅದು ನಮ್ಮ ತಪ್ಪಾ?"

ಗುಡ್ಡದ ಬುಡದಲ್ಲಿ ನಿಂತಿದ್ದರು ಅವರು. ಮೇಲೆ ಹಳೇಪೇಟೆ. ಕೆಳಗಿನಿಂದ ಅಲ್ಲಿಗೆ ನಾನೂರು ಮೆಟ್ಟಿಲು. ಕಾರು ಹೋಗುವುದಿಲ್ಲ, ಗಾಡಿ ಹೋಗುವುದಿಲ್ಲ. ಮೇಲೆ ಇರುವ ಪ್ರತಿಯೊಂದು ಹೆಂಚು, ಪ್ರತಿಯೊಂದು ಬಾಗಿಲು, ಪ್ರತಿಯೊಂದು ಮಂಚ, ಯಾರದೋ ಒಬ್ಬರ ಬೆನ್ನಿನ ಮೇಲೆಯೇ ಹೋದದ್ದು. ಗೂನನ ಅಪ್ಪ ಹೊತ್ತ. ಅಪ್ಪನ ಅಪ್ಪ ಹೊತ್ತ. ಗೂನನಿಗೆ ಅಪ್ಪ ಇಟ್ಟ ಹೆಸರು ಬೇರೆ ಇತ್ತು. ಅದು ಹಮಾಲರ ಪರವಾನಗಿ ಬಿಲ್ಲೆಯ ದಫ್ತರದಲ್ಲಿ ಮಾತ್ರ ಉಳಿದಿತ್ತು. ಹದಿನೆಂಟಕ್ಕೆ ಬೆನ್ನು ಬಾಗಿತು, ಬಾಗಿದ ಬೆನ್ನು ಹೆಸರನ್ನು ನುಂಗಿತು.

ಮೆಟ್ಟಿಲ ಬುಡದಲ್ಲಿ, ಪೇಟೆಯನ್ನೂ ಹಮಾಲರ ಬಿಲ್ಲೆಯನ್ನೂ ನೋಡಿಕೊಳ್ಳುವ ಸಮಿತಿಯವರ ಹೊಸ ಫಲಕ. 'ಹಳೇಪೇಟೆಯ ಪಾರಂಪರಿಕ ನಡಿಗೆ. ಖಾಸಗಿ ತಂಡಗಳಿಗೆ ಪ್ರತ್ಯೇಕ ಮಾರ್ಗದರ್ಶಿ.'

"ನಡಿಗೆ ಅಂತಾರೆ," ಎಂದಳು ಅಕ್ಕ. "ನಡೆಯೋದು ನೀನು."

ಗೈಡು ಬೆನ್ನುಕುರ್ಚಿ ಹಿಡಿದುಕೊಂಡು ಬಂದ. ಕಬ್ಬಿಣದ ಚೌಕಟ್ಟು, ಬೆತ್ತದ ಆಸನ, ಕಾಲಿಡಲು ಹಲಗೆ, ಹೊರುವವನ ಹೆಗಲಿಗೆ ಎರಡು ಪಟ್ಟಿ, ಹಣೆಗೆ ಒಂದು. ಮೆಟ್ಟಿಲು ಹತ್ತಲಾಗದ ದೊಡ್ಡವರಿಗೆಂದು ಸಮಿತಿ ಮಾಡಿಸಿದ್ದು. ಗೈಡು ಕೆಟ್ಟವನಲ್ಲ. ಓದಿಕೊಂಡವನು, ಮೇಷ್ಟ್ರ ಮಗ, ಎಲ್ಲರನ್ನೂ ಅಣ್ಣ ಅಕ್ಕ ಎಂದೇ ಕರೆಯುತ್ತಿದ್ದ.

"ಗೂನಣ್ಣ, ಇವತ್ತಿನ ಸಾಹೇಬ್ರು ಬಹಳ ದೊಡ್ಡವ್ರು. ಎರಡೂ ಮಂಡಿಗೆ ಆಪರೇಷನ್ ಆಗಿದೆ. ಒಂಚೂರೂ ಕುಲುಕಬಾರ್ದು."

"ಹೂಂ."

"ಅಕ್ಕ, ನೀವು ಡಬ್ಬ ತಗೊಳ್ಳಿ. ಐಸು, ನೀರು, ಊಟ. ಮೇಲೆ ಛತ್ರಿ ಕಟ್ಟಿದೀನಿ. ಜಾಸ್ತಿ ಏನಿಲ್ಲ, ನಲವತ್ತು ಕೆಜಿ."

ಅಕ್ಕ ಡಬ್ಬವನ್ನು ಒಂದು ಸಲ ನೋಡಿದಳು. ನಲವತ್ತಲ್ಲ, ನಲವತ್ತೆಂಟು. ಹೇಳಲಿಲ್ಲ. ಹರಿದ ಸೀರೆಯ ತುಂಡನ್ನು ಸುತ್ತಿ ಸಿಂಬಿ ಮಾಡಿ ತಲೆಯ ಮೇಲಿಟ್ಟುಕೊಂಡಳು. ಅವಳಿಗೆ ಐವತ್ತೆರಡು. ಉಸಿರು ಎಳೆದಾಗ ಎದೆಯೊಳಗೆ ಹಳೆಯ ಬಾಗಿಲು ತೆರೆದ ಸದ್ದು. ಮದುವೆಯಾದ ಮೇಲೆ ಅವಳು ಹೊರೆ ಹೊತ್ತವಳಲ್ಲ. ಗಂಡ ಸತ್ತ ಮೇಲೆ ಹೊತ್ತಳು. ಬುಡದಲ್ಲಿರುವ ಹಮಾಲರ ಸಾಲಿನಲ್ಲಿ ಒಂದು ಬಿಲ್ಲೆಗೆ ಒಂದು ಕೋಣೆ. ಬಿಲ್ಲೆಯವನು ಸತ್ತರೆ ಆ ಕೋಣೆಯಿಂದ ಇನ್ನೊಬ್ಬರು ಹೊರಬೇಕು, ಇಲ್ಲವೇ ಕೋಣೆ ಬಿಡಬೇಕು.

ಗೂನ ಗೈಡಿನ ಹತ್ತಿರ ಹೋಗಿ ದನಿ ತಗ್ಗಿಸಿದ. ಅವನು ದಿನಕ್ಕೆ ಹತ್ತು ಮಾತು ಆಡುವವನು. ಅದರಲ್ಲಿ ಏಳನ್ನು ಒಟ್ಟಿಗೆ ಆಡಿದ.

"ಸಾರ್, ನನಗೆ ಬೇಡ. ಅಕ್ಕಂಗೆ ನಡುಗಲ್ಲಲ್ಲಿ ಇಳಿಸೋಕೆ ಬಿಡಿ."

ಗೈಡಿನ ಮುಖ ಸಣ್ಣಗಾಯಿತು. "ಅಯ್ಯೋ, ಇವತ್ತೊಂದು ದಿನ ಬೇಡಪ್ಪ. ಸಾಹೇಬ್ರ ಎದುರಿಗೇ ಬೇಡ. ನಾಳೆ ನಾನೇ ಕಾರ್ಯದರ್ಶಿಗಳ ಹತ್ರ ಮಾತಾಡ್ತೀನಿ, ಆಯ್ತಾ?"

ನಾಳೆ ಎಂಬ ಈ ಮಾತು ಗೂನನಿಗೆ ಎಂಟು ತಿಂಗಳಿನಿಂದ ಗೊತ್ತಿತ್ತು. ಅವನು ಕೂತ. ಬೆನ್ನು ಕೊಟ್ಟ. ಅತಿಥಿ ಕುರ್ಚಿಯಲ್ಲಿ ಕೂತರು. ಹಣೆಪಟ್ಟಿ ಬಿಗಿಯಿತು. ಗೂನ ಬಲಗೈಯನ್ನು ನೆಲಕ್ಕೂರಿ, ಒಂದು ಮೊಣಕಾಲು, ಆಮೇಲೆ ಇನ್ನೊಂದು, ಹಾಗೆ ಎದ್ದ. ಲೋಕ ಎಂಬುದು ಅವನಿಗೆ ಮುಂದಿನ ಮೂರು ಮೆಟ್ಟಿಲಾಯಿತು. ಹಣೆಗೆ ಪಟ್ಟಿ ಬಿದ್ದವನಿಗೆ ಆಕಾಶವಿಲ್ಲ.

"ಆಹಾ!" ಎಂದರು ಅತಿಥಿ ಮೇಲಿನಿಂದ. "ಸಿಂಹಾಸನ ಇದ್ದ ಹಾಗಿದೆ."

ಅತಿಥಿಯ ಮಗಳು ನಗುತ್ತ ಫೋನು ಎತ್ತಿ ಚಿತ್ರ ಹಿಡಿದಳು.

*

ನಾನೂರು ಮೆಟ್ಟಿಲ ದಾರಿಯಲ್ಲಿ ಮೂರು ಹೊರೆಗಲ್ಲು. ಎರಡು ಕಲ್ಲಿನ ಕಂಬ, ಅವುಗಳ ಮೇಲೆ ಅಡ್ಡ ಮಲಗಿಸಿದ ಒಂದು ಚಪ್ಪಡಿ. ಕೆಳಗಿನ ಮೆಟ್ಟಿಲಿನಿಂದ ನೋಡಿದರೆ ಚಪ್ಪಡಿ ಹೆಗಲ ಮಟ್ಟಕ್ಕೆ ಬರುತ್ತದೆ. ತಲೆಹೊರೆಯವರು ಅಲ್ಲಿ ನಿಂತು ಯಾರ ಕೈಯೂ ಬೇಡದೆ ಹೊರೆಯನ್ನು ಸರಿಸಬಹುದು. ನಾಲ್ಕು ಮೆಟ್ಟಿಲು ಮೇಲೆ ಹೋದರೆ ಅದೇ ಚಪ್ಪಡಿ ಸೊಂಟದ ಮಟ್ಟ. ಬೆನ್ನುಹೊರೆಯವರು ಹಿಂದಕ್ಕೆ ಒರಗಿ ಪಟ್ಟಿ ಕಳಚಬಹುದು. ಕಟ್ಟಿದವನು ಯಾರೋ, ಒಂದಂತೂ ನಿಜ, ಅವನು ಹೊತ್ತು ನೋಡಿದವನು. ಮೆಟ್ಟಿಲು ಎಷ್ಟು ಕಡಿದೆಂದರೆ ಬೇರೆ ಎಲ್ಲೂ ಹೊರೆ ಇಳಿಸಲಾಗುವುದಿಲ್ಲ. ಇಳಿಸಿದರೆ ಅದು ಉರುಳಿ ಬುಡ ಸೇರುತ್ತದೆ.

ಹಮಾಲರು ಮೆಟ್ಟಿಲು ಎಣಿಸುತ್ತಿರಲಿಲ್ಲ. ಎಣಿಸಿದರೆ ದಾರಿ ಉದ್ದವಾಗುತ್ತದೆ. ಪದ ಹೇಳುತ್ತಿದ್ದರು. ಒಂದು ಕಲ್ಲಿನಿಂದ ಇನ್ನೊಂದು ಕಲ್ಲಿಗೆ ಒಂದು ಪದ. ಒಂದು ಸಾಲಿಗೆ ಹತ್ತು ಮೆಟ್ಟಿಲು. ಮೊದಲ ಕಲ್ಲಿನಿಂದ ನಡುಗಲ್ಲಿಗೆ ಎಂಟು ಸಾಲು, ನಡುಗಲ್ಲಿನಿಂದ ಮೇಲುಗಲ್ಲಿಗೆ ಹತ್ತು. ಮುಂದೆ ಹೋಗುವವನು ಸಾಲು ಹೇಳಬೇಕು, ಹಿಂದಿನವರು ಕೊನೆಗೆ 'ಹೌದು ತಂದೆ' ಎನ್ನಬೇಕು. ಸಾಲು ಉಸಿರನ್ನು ಅಳೆದು ಕೊಡುತ್ತಿತ್ತು. ಪದ ಮುಗಿಯಿತು ಎಂದರೆ ಕಲ್ಲು ಬಂತು, ಕಲ್ಲು ಬಂತು ಎಂದರೆ ಹೊರೆ ಇಳಿಯಿತು. ಪದ ಹೇಳುತ್ತಿದ್ದವನು ಭಾವ, ಅಕ್ಕನ ಗಂಡ. ಗೂನ ಯಾವತ್ತೂ ಹೇಳಿದವನಲ್ಲ. ಕೇಳಿದವನು. ಮೂವತ್ತು ವರ್ಷ ಭಾವನ ಹಿಂದೆ ಆರು ಮೆಟ್ಟಿಲು ಕೆಳಗೆ, ಹಣೆಪಟ್ಟಿಯ ಕೆಳಗಿಂದ ಭಾವನ ಹಿಮ್ಮಡಿ ನೋಡುತ್ತ, ಕಿವಿಯಿಂದಲೇ ಏರಿದವನು. ಅವನ ಭಕ್ತಿಯೆಲ್ಲ ಆ ದನಿಗೆ 'ಹೌದು' ಎನ್ನುವುದರಲ್ಲಿ ಇತ್ತು.

ಎಂಟು ತಿಂಗಳ ಹಿಂದೆ ಸಮಿತಿಯವರು ಮೂರೂ ಕಲ್ಲುಗಳಿಗೆ ಹಗ್ಗ ಬಿಗಿದರು. ಕೆಂಪು ಬಣ್ಣದ ದಪ್ಪ ಹಗ್ಗ. ಫಲಕ ನೆಟ್ಟರು. 'ಪಾರಂಪರಿಕ ಶಿಲೆ. ಮುಟ್ಟಬಾರದು. ಹೊರೆ ಇಡಬಾರದು.' ನಡುಗಲ್ಲಿಗೆ ಒಬ್ಬ ಕಾವಲುಗಾರನನ್ನೂ ಕೂರಿಸಿದರು. ಹಮಾಲರು ಹೋಗಿ ಕೇಳಿದರು. ಕಾರ್ಯದರ್ಶಿ ಕನ್ನಡಕ ಒರೆಸುತ್ತ ಹೇಳಿದ: "ನಿಮ್ಮ ಮೂಟೆ ಉಜ್ಜಿ ಉಜ್ಜಿ ಕಲ್ಲು ಸವೀತಿದೆ. ಮುಂದಿನ ಪೀಳಿಗೆಗೆ ಬೇಡ್ವಾ?"

ಹಮಾಲರು ತಿರುಗಿ ಇಳಿದು ಹೋದರು. ಅವರ ಬೆನ್ನು ಸವೆದದ್ದಕ್ಕೆ ಫಲಕ ಇರಲಿಲ್ಲ.

*

ಮೊದಲ ಕಲ್ಲಿನ ಹತ್ತಿರ ಗೈಡು ನಿಂತ. ಗೂನನೂ ನಿಲ್ಲಬೇಕಾಯಿತು. ನಡೆಯುವ ಹೊರೆಗಿಂತ ನಿಂತ ಹೊರೆ ಭಾರ. ಇದು ಹೊರದವರಿಗೆ ತಿಳಿಯದು. ಗೂನನ ತೊಡೆಯ ನರ ಕುಣಿಯತೊಡಗಿತು.

"ಇದನ್ನ ವಿದ್ವಾಂಸರ ಪೀಠ ಅಂತಾರೆ," ಎಂದು ಗೈಡು ಶುರು ಮಾಡಿದ. "ಆಗಿನ ಕಾಲದಲ್ಲಿ ಪೇಟೆಗೆ ಬರೋ ಪಂಡಿತರು ಇಲ್ಲಿ ಕೂತು ವಾದ ಮಾಡ್ತಿದ್ರು. ಗೆದ್ದವರಿಗೆ ಮಾತ್ರ ಮೇಲಕ್ಕೆ ಪ್ರವೇಶ. ಮೂರು ಪೀಠ, ಮೂರು ಸುತ್ತಿನ ವಾದ."

ಹಿಂದಿನಿಂದ ಅಕ್ಕ ಕೆಮ್ಮಿದಳು. ಅದು ಕೆಮ್ಮೋ ನಗುವೋ ಗೂನನಿಗೆ ಗೊತ್ತಾಯಿತು.

"ಎಷ್ಟು ನುಣುಪಾಗಿದೆ ನೋಡಪ್ಪಾ ಕಲ್ಲು," ಎಂದಳು ಮಗಳು.

"ಹೌದು ಮೇಡಂ. ಶತಮಾನಗಳ ಕಾಲ ಪಂಡಿತರು ಕೂತೂ ಕೂತೂ ಆದ ನುಣುಪು."

"ಯಾವ ಪಂಡಿತರ ತಿಕ ಅಷ್ಟು ಗಟ್ಟಿಯಿತ್ತೋ," ಎಂದಳು ಅಕ್ಕ, ಗೂನನಿಗೆ ಮಾತ್ರ ಕೇಳುವಷ್ಟು. ಮಾತಿನ ಕೊನೆಗೆ ಅವಳ ಉಸಿರು ಸಿಳ್ಳೆಯಾಯಿತು. ಗೂನ ಆ ಸಿಳ್ಳೆಯನ್ನು ಕಿವಿಯಲ್ಲಿಟ್ಟುಕೊಂಡ.

"ಈ ಪೀಠಗಳನ್ನ ಉಳಿಸಿದ್ದೇ ನಮ್ಮ ಸಾಹೇಬ್ರು," ಎಂದು ಗೈಡು ಕುರ್ಚಿಯತ್ತ ಕೈ ಮುಗಿದ. "ಹಗ್ಗ, ಫಲಕ, ಕಾವಲು, ಎಲ್ಲಾ ಅವರ ದಾನ. ಇಲ್ಲಿ ನೋಡಿ ಸಾರ್, ಕೆಳಗೆ ತಮ್ಮ ಹೆಸರಿದೆ."

ಅತಿಥಿ ಹೆಸರನ್ನು ನೋಡಲು ಬಲಕ್ಕೆ ಬಾಗಿದರು. ತೊಂಬತ್ತೆರಡು ಕೆಜಿ ಬಲಕ್ಕೆ ವಾಲಿತು. ಗೂನ ಎಡಗಾಲನ್ನು ಒತ್ತಿ ನಿಂತ. ಬೆರಳುಗಳು ಕಲ್ಲನ್ನು ಕಚ್ಚಿದವು.

"ಚಿಕ್ಕದಾಗಿ ಹಾಕಿದಾರೆ," ಎಂದರು ಅತಿಥಿ. "ಇರಲಿ, ಇರಲಿ. ಹೆಸರಿಗಾಗಿ ಮಾಡಿದ್ದಲ್ಲ." ಆಮೇಲೆ ಕೈಯಲ್ಲಿದ್ದ ಕೋಲಿನ ತುದಿಯಿಂದ ಗೂನನ ಹೆಗಲನ್ನು ಮೆಲ್ಲಗೆ ತಟ್ಟಿದರು. "ಏನಯ್ಯಾ, ಭಾರ ಆಯ್ತಾ?"

ಗೂನ ಉತ್ತರ ಕೊಡುವ ಮೊದಲೇ ಅವರು ಮಗಳೊಂದಿಗೆ ಬೇರೆ ಮಾತಿಗೆ ಹೋಗಿದ್ದರು.

ಹಗ್ಗ ಕಟ್ಟಿಸಿದವನು ತನ್ನ ಬೆನ್ನ ಮೇಲಿದ್ದಾನೆ. ಗೂನನಿಗೆ ಸಿಟ್ಟು ಬರಲಿಲ್ಲ. ಸಿಟ್ಟು ಬರಲೂ ಉಸಿರು ಬೇಕು. ಒಂದು ಮೆಟ್ಟಿಲು. ಇನ್ನೊಂದು ಮೆಟ್ಟಿಲು.

*

ಭಾವ ಸತ್ತು ಎಪ್ಪತ್ತು ದಿನವಾಗಿತ್ತು. ಅವತ್ತು ಅವನ ಬೆನ್ನ ಮೇಲೆ ಇದ್ದದ್ದು ಫ್ರಿಜ್ಜು, ಮೇಲಿನ ಅತಿಥಿಗೃಹದ್ದು. ನಡುಗಲ್ಲಿನ ಹತ್ತಿರ ಪದ ಮುಗಿಯಿತು. ಭಾವ ನಿಂತ. ಕಾವಲುಗಾರನಿಗೆ, "ತಮ್ಮಾ, ಒಂದೇ ಉಸಿರು. ಇಳಿಸಿ ಎತ್ಕೋತೀನಿ," ಅಂದ. ಕಾವಲುಗಾರ ಫಲಕ ತೋರಿಸಿದ. ಅವನೂ ಹೊಸಬ, ಅವನಿಗೂ ಕೆಲಸದ ಭಯ. ಭಾವ ಮತ್ತೆ ಕೇಳಲಿಲ್ಲ. ಮುಂದಿನ ಪದದ ಮೊದಲ ಸಾಲು ಎತ್ತಿದ. ಒಂಬತ್ತು ಮೆಟ್ಟಿಲು ಹತ್ತಿದ. ಆರು ಮೆಟ್ಟಿಲು ಕೆಳಗಿದ್ದ ಗೂನ 'ಹೌದು ತಂದೆ' ಎನ್ನಲು ಬಾಯಿ ತೆರೆದು ಕಾಯುತ್ತಿದ್ದ. ಸಾಲಿನ ಕೊನೆ ಬರಲಿಲ್ಲ. ಭಾವನ ಹಿಮ್ಮಡಿ ಒಳಕ್ಕೆ ಮಡಚಿತು.

ಫ್ರಿಜ್ಜಿಗೆ ಒಂದು ಗೀರು ಬಿದ್ದಿತ್ತು. ಓಡಿ ಬಂದ ಸಮಿತಿಯವರು ಮೊದಲು ಅದನ್ನೇ ನೋಡಿದರು. ಆಮೇಲೆ ಕಾಗದದಲ್ಲಿ ಬರೆದರು: 'ಕಾಲು ಜಾರಿ ಬಿದ್ದು ಮರಣ.' ಮೂವತ್ತೈದು ವರ್ಷ ಆ ಮೆಟ್ಟಿಲು ಹತ್ತಿದ ಕಾಲು ಅದು. ಅದು ಜಾರಿತು ಎಂದು ಬರೆದದ್ದನ್ನು ಅಕ್ಕ ಇವತ್ತಿಗೂ ಕ್ಷಮಿಸಿಲ್ಲ. ಸತ್ತದ್ದಕ್ಕಿಂತ ಆ ಮಾತಿಗೆ ಅವಳು ಹೆಚ್ಚು ಅತ್ತಳು.

"ಎದೆ ನಿಂತಿತು ಅಂತ ಬರೀಲಿ. ಇಳಿಸೋಕೆ ಬಿಡಲಿಲ್ಲ ಅಂತ ಬರೀಲಿ. ಜಾರಿದ ಅಂತ ಬರೆದ್ರಲ್ಲೋ, ಅವರ ಕೈ ಸೇದಿ ಹೋಗ."

ಅವತ್ತಿನಿಂದ ಮೆಟ್ಟಿಲ ಮೇಲೆ ಯಾರೂ ಪದ ಹೇಳಲಿಲ್ಲ. ಒಬ್ಬೊಬ್ಬರೂ ಅವರವರ ಉಸಿರು ಹಿಡಿದು ಹತ್ತುತ್ತಿದ್ದರು.

*

ಮೊದಲ ಕಲ್ಲು ದಾಟಿ ಮೂವತ್ತು ಮೆಟ್ಟಿಲಾಗಿರಬೇಕು.

"ಸಾರ್, ಇವರ ಹತ್ರ ಒಂದು ಅದ್ಭುತ ಪದ ಇದೆ," ಎಂದ ಗೈಡು. "ಆಸ್ಥಾನ ಕವಿಯೊಬ್ಬರು ಕಟ್ಟಿದ್ದು, ಇವರ ಬಾಯಲ್ಲಿ ಉಳ್ಕೊಂಡಿದೆ. ಗೂನಣ್ಣ, ಒಂದೆರಡು ಸಾಲು ಹೇಳಪ್ಪ."

"ಹೌದಾ? ಇರಿ ಇರಿ, ವೀಡಿಯೋ ತಗೋತೀನಿ," ಎಂದು ಮಗಳು ಎರಡು ಮೆಟ್ಟಿಲು ಮುಂದೆ ಓಡಿ ತಿರುಗಿ ನಿಂತಳು. ಗೂನನಿಗೆ ಅವಳ ಬಿಳಿ ಬೂಟು ಮಾತ್ರ ಕಂಡಿತು.

"ಉಸಿರಿಲ್ಲ ಸಾರ್."

"ಒಂದೇ ಸಾಲು. ಸಾಹೇಬ್ರು ಆಸೆ ಪಡ್ತಿದಾರೆ."

"ಹಾಡಯ್ಯಾ," ಎಂದರು ಅತಿಥಿ ಪ್ರೀತಿಯಿಂದ. "ಕಾಯಕದಲ್ಲಿ ಹಾಡಿದ್ರೆ ಭಾರ ಗೊತ್ತಾಗಲ್ಲ ಅಂತಾರೆ."

ಗೂನ ಒಂದು ಮೆಟ್ಟಿಲು ಇಟ್ಟ. ಬೆವರು ಹುಬ್ಬು ದಾಟಿ ಕಣ್ಣಿಗಿಳಿಯಿತು. ಒರೆಸಲು ಕೈ ಇಲ್ಲ. ಎರಡೂ ಕೈ ಹೆಗಲ ಪಟ್ಟಿಯಲ್ಲಿ. ಅವನು ಹಾಡಲಿಲ್ಲ. ಗೈಡಿಗೆ ಮುಜುಗರವಾಗಿ ತಾನೇ ಹೇಳಿದ, ಪುಸ್ತಕ ಓದುವವನ ಹಾಗೆ:

"ಏರುವವನ ಉಸಿರು ನಿನ್ನದು ತಂದೆ,
ಇಳಿಸುವ ಕಲ್ಲು ನಿನ್ನ ಅಂಗೈ ತಂದೆ."

"ವಾಹ್," ಎಂದರು ಅತಿಥಿ. "ಇಳಿಸುವ ಕಲ್ಲು ಅಂದ್ರೆ?"

"ಅಹಂಕಾರವನ್ನ ಇಳಿಸುವ ಕಲ್ಲು ಸಾರ್. ಗುರುಪೀಠ. ಸಾಂಕೇತಿಕ."

ಗೂನ ಆ ಮಾತನ್ನು ಕೇಳಿದ. ಕೇಳುವುದು ಬಿಟ್ಟು ಅವನಿಗೆ ಬೇರೆ ಏನೂ ಬರುತ್ತಿರಲಿಲ್ಲ. ಆದರೆ ಅದರ ಹಿಂದೆ, ಆರು ಮೆಟ್ಟಿಲು ಕೆಳಗೆ, ಇನ್ನೊಂದನ್ನು ಕೇಳುತ್ತಿದ್ದ. ಅಕ್ಕನ ಎದೆಯ ಸಿಳ್ಳೆ. ಮೊದಲು ಮೂರು ಮೆಟ್ಟಿಲಿಗೆ ಒಂದು ಸಲ ಇತ್ತು. ಈಗ ಎರಡಕ್ಕೊಂದು. ಆಮೇಲೆ ಮೆಟ್ಟಿಲಿಗೊಂದು. ಗೈಡು ಎಡಗಡೆಯ ಹಳೆಯ ಮನೆಯ ಕಿಟಕಿ ತೋರಿಸುತ್ತಿದ್ದ, ಬಾಗಿಲ ಕೆತ್ತನೆ ತೋರಿಸುತ್ತಿದ್ದ, ಈ ಮನೆಯವರು ಯಾವ ದೊರೆಗೆ ಸಾಲ ಕೊಟ್ಟರು ಎಂದು ಹೇಳುತ್ತಿದ್ದ. ಮೇಲೆ ಅತಿಥಿಗೃಹ ತಲುಪಿದರೆ ತಣ್ಣನೆಯ ಹಣ್ಣಿನ ರಸ ಕಾದಿದೆ ಎನ್ನುತ್ತಿದ್ದ. ಅದು ಯಾವ ಫ್ರಿಜ್ಜಿನೊಳಗೆ ಕಾದಿದೆ ಎಂದು ಗೂನನಿಗೆ ಗೊತ್ತಿತ್ತು.

ಸಿಳ್ಳೆ ಮೆಟ್ಟಿಲಿಗೆ ಎರಡಾಯಿತು. ಆಮೇಲೆ ನಿಂತಿತು.

ಗೂನನೂ ನಿಂತ.

"ಅಕ್ಕಾ?"

"ಹೂಂ... ನಡಿ... ಬಂದೆ..." ಮೂರು ಮಾತಿಗೆ ಮೂರು ಉಸಿರು.

*

ನಡುಗಲ್ಲಿನ ಹತ್ತಿರ ಕಾವಲುಗಾರ ಸ್ಟೂಲಿನಿಂದ ಎದ್ದು ಸಲಾಮು ಹೊಡೆದ. ಗೈಡು ಎರಡನೇ ಸುತ್ತಿನ ವಾದದ ಕಥೆ ಶುರು ಮಾಡಿದ. ಗೂನ ನಾಲ್ಕು ಮೆಟ್ಟಿಲು ಮೇಲೆ ಹೋಗಿ ನಿಂತಿದ್ದ, ಚಪ್ಪಡಿ ಅವನ ಹಿಂದೆ ಸೊಂಟದ ಮಟ್ಟದಲ್ಲಿತ್ತು. ಕೆಳಗೆ ಅಕ್ಕ ಬಂದು ಚಪ್ಪಡಿಯ ಎದುರಿಗೆ ನಿಂತಳು. ಅವಳ ತುಟಿ ಬೂದಿ ಬಣ್ಣಕ್ಕೆ ತಿರುಗಿತ್ತು. ಡಬ್ಬದೊಳಗಿನ ಐಸು ಕರಗಿ ನೀರು ಅವಳ ಕತ್ತಿನ ಮೇಲೆ ಇಳಿಯುತ್ತಿತ್ತು. ಅವಳ ಎರಡು ಕೈಯೂ ತಾವಾಗಿಯೇ ಡಬ್ಬವನ್ನು ಎತ್ತಿ ಮುಂದೆ ಸರಿಸಿದವು. ಮೂವತ್ತು ವರ್ಷ ಗಂಡನ ಬಾಯಲ್ಲಿ ಕೇಳಿದ ದಾರಿ. ಅಲ್ಲಿ ಕಲ್ಲಿದೆ, ಅಲ್ಲಿ ಇಳಿಸಬೇಕು.

"ಏಯ್, ಏಯ್!" ಕಾವಲುಗಾರ ಅಡ್ಡ ಬಂದ. "ಬೋರ್ಡು ಕಾಣಲ್ವಾ? ಇಡೋ ಹಾಗಿಲ್ಲ."

"ಒಂದು... ಉಸಿರು... ತಮ್ಮಾ."

"ನಡೀರಿ, ನಡೀರಿ. ಸಾಹೇಬ್ರು ಇದಾರೆ."

ಅದೇ ಕಲ್ಲು. ಅದೇ ಮಾತು. ಅದೇ ಫಲಕ. ಕಾವಲುಗಾರನಿಗೂ ಅದು ನೆನಪಾಗಿರಬೇಕು, ಅವನ ಕಣ್ಣು ಒಂದು ಕ್ಷಣ ನೆಲ ನೋಡಿತು. ಆದರೂ ಅವನ ಕೈ ಡಬ್ಬವನ್ನು ಅವಳ ತಲೆಯ ಮೇಲಕ್ಕೇ ತಳ್ಳಿತು.

ಗೂನನಿಗೆ ಹಿಂದಿನದು ಕಾಣುತ್ತಿರಲಿಲ್ಲ. ಕೇಳಿಸಿತು.

ಅವನು ಒಂದು ಹೆಜ್ಜೆ ಹಿಂದಕ್ಕಿಟ್ಟ. ಹಗ್ಗ ಕುರ್ಚಿಯ ಕಬ್ಬಿಣಕ್ಕೆ ಸಿಕ್ಕಿ ಬಿಗಿಯಿತು. ಅವನು ನಿಲ್ಲಲಿಲ್ಲ, ಬೆನ್ನಿನ ಪೂರ್ತಿ ಭಾರ ಬಿಟ್ಟ. ಹಗ್ಗದ ಗೂಟ ಕಿತ್ತು ಬಂತು. ಟಣ್ ಎಂದು ಕುರ್ಚಿಯ ಬುಡ ಚಪ್ಪಡಿಯ ಮೇಲೆ ಕೂತಿತು. ಎಂಟು ತಿಂಗಳಲ್ಲಿ ಆ ಕಲ್ಲಿನ ಮೇಲೆ ಇಳಿದ ಮೊದಲ ಹೊರೆ. ಗೂನ ಹಣೆಪಟ್ಟಿ ಕಳಚಿದ. ಎಡ ಹೆಗಲು. ಬಲ ಹೆಗಲು. ನೆಟ್ಟಗಾದ, ಆ ಬೆನ್ನು ಎಷ್ಟು ನೆಟ್ಟಗಾಗುತ್ತಿತ್ತೋ ಅಷ್ಟು.

"ಏನಯ್ಯಾ ಇದು?" ಎಂದರು ಅತಿಥಿ.

ಗೂನ ನಾಲ್ಕು ಮೆಟ್ಟಿಲು ಇಳಿದ. ಕಾವಲುಗಾರನ ಕೈ ಸರಿಸಿದ. ಅಕ್ಕನ ತಲೆಯಿಂದ ಡಬ್ಬ ಎತ್ತಿ ಅತಿಥಿಯ ಪಕ್ಕದಲ್ಲೇ ಇಟ್ಟ. ಅಕ್ಕ ಕಂಬವನ್ನು ತಬ್ಬಿಕೊಂಡು ಕುಸಿದು ಕೂತಳು. ಸಿಳ್ಳೆ ಮತ್ತೆ ಬಂತು. ಅದನ್ನು ಕೇಳಿ ಗೂನನ ಕಣ್ಣು ಒದ್ದೆಯಾಯಿತು.

"ಗೂನಣ್ಣ!" ಗೈಡು ಓಡಿ ಬಂದ. "ತಲೆ ಕೆಟ್ಟಿದ್ಯಾ? ಎತ್ತು, ಎತ್ತು ಮೊದಲು!"

"ಎತ್ತಲ್ಲ."

"ಅಂದ್ರೆ?"

"ಅಂದ್ರೆ ಎತ್ತಲ್ಲ ಸಾರ್. ಈ ಕಲ್ಲು ಪಂಡಿತರದಲ್ಲ. ನಮ್ದು. ನುಣುಪು ತಿಕದ್ದಲ್ಲ. ಮೂಟೆದು. ನಮ್ಮಪ್ಪಂದು. ನಮ್ಮ ಭಾವಂದು. ಇಲ್ಲಿ ಇಳಿಸೋಕೆ ಬಿಟ್ಟಿದ್ರೆ ಅವನು ಬದುಕಿರೋನು."

ಗೂನ ಅಷ್ಟು ಮಾತನ್ನು ಒಟ್ಟಿಗೆ ಆಡಿದ್ದನ್ನು ಅಕ್ಕನೂ ಕೇಳಿರಲಿಲ್ಲ. ಅವಳು ತಲೆಯ ಮೇಲಿನ ಸಿಂಬಿ ತೆಗೆದು ಅವನ ಕೈಗೆ ಕೊಟ್ಟಳು. ಅವನು ಅದನ್ನು ಅತಿಥಿಯ ಪಾದದ ಬಳಿ, ಚಪ್ಪಡಿಯ ಮೇಲೆ ಇಟ್ಟ.

ಸಿಂಬಿ ಇಟ್ಟ ಹೊರೆಯನ್ನು ಇನ್ನೊಬ್ಬ ಹಮಾಲ ಮುಟ್ಟುವಂತಿಲ್ಲ. ಹೊತ್ತವನು ಬರುವ ತನಕ ಅದು ಅಲ್ಲೇ ಇರಬೇಕು. ಅದು ಬರೆದ ಕಾನೂನಲ್ಲ. ಬರೆದ ಕಾನೂನನ್ನು ಮುರಿದವರುಂಟು, ಇದನ್ನು ಮುರಿದವರಿಲ್ಲ. ಮೇಲಿನಿಂದ ಖಾಲಿ ಗೋಣಿಯೊಂದಿಗೆ ಇಬ್ಬರು ಹಮಾಲರು ಇಳಿದು ಬಂದರು. ಕೆಳಗಿನಿಂದ ಮೂವರು ಹತ್ತಿ ಬಂದರು, ಹೆಗಲ ಮೇಲೆ ಸಿಮೆಂಟು. ಎಲ್ಲರೂ ಸಿಂಬಿ ನೋಡಿದರು. ಕುರ್ಚಿಯಲ್ಲಿ ಕೂತವರನ್ನು ನೋಡಿದರು. ಅಕ್ಕನನ್ನು ನೋಡಿದರು. ಮೂವರೂ ಒಬ್ಬರಾದ ಮೇಲೆ ಒಬ್ಬರು ಸಿಮೆಂಟಿನ ಚೀಲವನ್ನು ಚಪ್ಪಡಿಯ ಮೇಲೆ ಇಳಿಸಿದರು.

"ನೀವು ಯಾರಾದ್ರೂ ಎತ್ರಪ್ಪ," ಗೈಡು ಅಂಗಲಾಚಿದ. "ಎಷ್ಟು ಬೇಕಾದ್ರೂ ಕೊಡಿಸ್ತೀನಿ."

"ಸಿಂಬಿ ಇದೆ ಸಾರ್," ಎಂದ ಸಿಮೆಂಟಿನವನು.

"ಮನುಷ್ಯರು ಕಣ್ರೀ ಅವರು, ಹೊರೆ ಅಲ್ಲ!"

"ನಾವು ಹಂಗೇ ಅಂದ್ಕೊಂಡಿದ್ವಿ ಸಾರ್, ನಮ್ಮ ಬಗ್ಗೆ."

ಮಗಳು ಫೋನು ಹಿಡಿದಿದ್ದ ಕೈಯನ್ನು ಇಳಿಸಿದಳು. ಅತಿಥಿ ಮೊದಲು ನಕ್ಕರು, ಆಮೇಲೆ ಗದರಿದರು. ಪೊಲೀಸರ ಹೆಸರು ಹೇಳಿದರು, ಮಂತ್ರಿಯ ಹೆಸರು ಹೇಳಿದರು. ಬಿಸಿಲು ನೆತ್ತಿಗೆ ಬಂತು. ಹಿಂದೆ ಇನ್ನೂರು ಮೆಟ್ಟಿಲು, ಮುಂದೆ ಇನ್ನೂರು. ಕೊನೆಗೆ ಅವರ ದನಿ ಸಣ್ಣಗಾಯಿತು. "ನನ್ನನ್ನ ಕೆಳಗೆ ಕರ್ಕೊಂಡು ಹೋಗಿ," ಎಂದರು. ವಯಸ್ಸಾದ ಮನುಷ್ಯನ ದನಿ ಅದು. ಗೂನನಿಗೆ ಅದೂ ಕೇಳಿಸಿತು. ಅಕ್ಕನ ಪಕ್ಕದಲ್ಲಿ ಕೂತಿದ್ದವನು ಏಳಲಿಲ್ಲ.

ಗೈಡು ಮತ್ತು ಕಾವಲುಗಾರ ಕುರ್ಚಿಯನ್ನು ಆಚೆ ಒಬ್ಬ ಈಚೆ ಒಬ್ಬ ಹಿಡಿದು ಎತ್ತಿದರು. ಸಿಂಬಿಯ ಕಟ್ಟು ಹಮಾಲರಿಗೆ, ಅವರಿಗಲ್ಲ. ಹತ್ತು ಮೆಟ್ಟಿಲು ಸರಿಯಾಗಿಯೇ ಇಳಿದರು. ಇಪ್ಪತ್ತಕ್ಕೆ ಗೈಡಿನ ಕತ್ತಿನ ನರ ಉಬ್ಬಿತು. ನಲವತ್ತಕ್ಕೆ ಅವನು ಅಳುವ ದನಿಯಲ್ಲಿ, "ನಿಲ್ಲು, ನಿಲ್ಲು," ಎಂದ. ಆದರೆ ನಿಂತು ಏನು ಮಾಡುವುದು, ಆ ಕಡಿದಾದ ಮೆಟ್ಟಿಲಿನಲ್ಲಿ ಕುರ್ಚಿ ನಿಲ್ಲುವುದಿಲ್ಲ. ಎಂಬತ್ತಕ್ಕೆ, ಮೊದಲ ಕಲ್ಲಿನ ಹತ್ತಿರ, ಇಬ್ಬರ ಮೊಣಕಾಲೂ ಬೇರೆ ಬೇರೆ ದಿಕ್ಕಿಗೆ ನಡುಗುತ್ತಿದ್ದವು. ಎದುರಿಗೆ ಚಪ್ಪಡಿ. ಸುತ್ತ ಹಗ್ಗ. ಇಬ್ಬರ ಕೈಯೂ ಖಾಲಿಯಿಲ್ಲ.

"ಯಾರಾದ್ರೂ ಹಗ್ಗ ಬಿಚ್ರೀ!" ಗೈಡು ಕಿರುಚಿದ. "ದಮ್ಮಯ್ಯ, ಬಿಚ್ರೀ! ಬೀಳ್ತಾರೆ!"

ಹಿಂದೆಯೇ ಇಳಿದು ಬಂದಿದ್ದ ಹಮಾಲರು ನಾಲ್ಕು ಮೆಟ್ಟಿಲು ಮೇಲೆ ನಿಂತು ನೋಡುತ್ತಿದ್ದರು. ಒಬ್ಬರೂ ಅಲುಗಲಿಲ್ಲ. ಗೂನನೂ ಅಲುಗಲಿಲ್ಲ.

ಅಕ್ಕನೂ ಗೂನನ ತೋಳು ಹಿಡಿದು ಅಲ್ಲಿಯ ತನಕ ಇಳಿದಿದ್ದಳು. ಈಗ ಅವನ ತೋಳು ಬಿಟ್ಟು, ಗೋಡೆ ಹಿಡಿದು ಉಳಿದ ನಾಲ್ಕು ಮೆಟ್ಟಿಲು ಇಳಿದಳು. "ಅಕ್ಕಾ, ಬೇಡ," ಎಂದ ಗೂನ. ಅವಳು ತಿರುಗಿ ನೋಡಲಿಲ್ಲ. ಮೊದಲ ಕಲ್ಲಿನ ಹತ್ತಿರ ಹೋಗಿ, ಗಂಟಿಗೆ ಉಗುರು ಹಾಕಿ, ಹಲ್ಲು ಹಾಕಿ, ಹಗ್ಗವನ್ನು ಬಿಚ್ಚಿ ಮೆಟ್ಟಿಲಿನ ಆಚೆ ಎಸೆದಳು.

"ಇಳಿಸ್ರಪ್ಪ," ಎಂದಳು. "ಹೊತ್ತೋರು ಯಾರಾದ್ರೇನು. ಇಳಿಸ್ಬೇಕು."

ಕುರ್ಚಿ ಇಳಿಯಿತು. ಗೈಡು ಕಲ್ಲಿಗೆ ಹಣೆ ಹಚ್ಚಿ ನಿಂತ.

*

ಮರುದಿನ ಗೂನನ ಬಿಲ್ಲೆ ಹೋಯಿತು. ಅಕ್ಕನ ಬಿಲ್ಲೆ ಹೋಯಿತು. ಎಂಟನೇ ದಿನ ಎರಡೂ ಕೋಣೆಗಳ ಸಾಮಾನು ಬೀದಿಗೆ ಬಂತು. ಎರಡು ಪಾತ್ರೆ, ಒಂದು ಹಾಸಿಗೆ, ಭಾವನ ಹಣೆಪಟ್ಟಿ. ಸಿಮೆಂಟಿನವರಲ್ಲಿ ಇಬ್ಬರನ್ನು ಪೊಲೀಸರು ಕರೆದೊಯ್ದು ಎರಡು ದಿನ ಇಟ್ಟುಕೊಂಡು ಬಿಟ್ಟರು. ಒಬ್ಬನ ಎಡಗಿವಿ ಕೇಳಿಸದಾಯಿತು. ಗೈಡು ಕೆಲಸ ಬಿಟ್ಟನೆಂದು ಕೆಲವರು, ಬಿಡಿಸಿದರೆಂದು ಕೆಲವರು ಹೇಳಿದರು. ಅವನು ಒಂದು ಸಲ ಬಂದು ಅಕ್ಕನ ಎದುರಿಗೆ ನಿಂತ, ಕೈ ಮುಗಿದು ಹೋದ. ಅಕ್ಕನ ಎದೆಯ ಸಿಳ್ಳೆ ಹೆಚ್ಚಿತು. ಈಗ ಅವರಿಬ್ಬರೂ ಇರುವುದು ಮೆಟ್ಟಿಲ ಬುಡದಲ್ಲಿ, ಹಳೆಯ ಸೌದೆ ಡಿಪೋದ ಗೋಡೆಗೆ ಒರಗಿಸಿದ ತಗಡಿನ ಕೆಳಗೆ.

ಸಮಿತಿ ಹಗ್ಗವನ್ನು ನಂಬುವುದು ಬಿಟ್ಟಿತು. ಮೂರೂ ಕಲ್ಲುಗಳ ಸುತ್ತ ಕಬ್ಬಿಣದ ಬೇಲಿ ಹಾಕಬೇಕೆಂದು ತೀರ್ಮಾನವಾಯಿತು. ತುದಿಯಲ್ಲಿ ಈಟಿಯಂತೆ ಚೂಪು ಮಾಡಿದ ಬೇಲಿ, ಮೂರು ಜೊತೆ. ಲಾರಿ ಅದನ್ನು ಬುಡದಲ್ಲಿ ಇಳಿಸಿ ಹೋಯಿತು.

ಮೇಲಕ್ಕೆ ಅದು ಹೋಗಬೇಕು. ಮೇಲಕ್ಕೆ ಹೋಗುವ ದಾರಿ ಬೆನ್ನು ಒಂದೇ.

ಸಾಲಿನ ಹಮಾಲರು ಹಿಟ್ಟು ಹೊತ್ತರು, ಹೆಂಚು ಹೊತ್ತರು. ಬೇಲಿ ಮುಟ್ಟಲಿಲ್ಲ. ಕೂಲಿ ಎರಡು ಪಟ್ಟು ಅಂದರು, ಮುಟ್ಟಲಿಲ್ಲ. ಬಿಲ್ಲೆ ಕಿತ್ತುಕೊಳ್ಳುತ್ತೇವೆ ಅಂದರು, ಅವತ್ತಿನಿಂದ ಹಿಟ್ಟನ್ನೂ ಮುಟ್ಟಲಿಲ್ಲ. ಕತ್ತೆ ತರಿಸಿದರು. ಮೊದಲ ತಿರುವಿನಲ್ಲೇ ಕತ್ತೆ ಕೂತುಬಿಟ್ಟಿತು. ಪರವೂರಿನಿಂದ ನಾಲ್ವರನ್ನು ಕರೆತಂದರು. ಗಟ್ಟಿ ಆಳುಗಳು. ಅವರು ಬೇಲಿಯ ಒಂದು ಮೂಲೆ ಎತ್ತಿ ನೋಡಿದರು. ಮೆಟ್ಟಿಲನ್ನು ನೋಡಿದರು.

"ನಡುವೆ ಎಲ್ಲಿ ಇಳಿಸೋದು?" ಎಂದು ಕೇಳಿದರು.

"ಎಲ್ಲೂ ಇಳಿಸೋ ಹಾಗಿಲ್ಲ," ಎಂದ ಕಾರ್ಯದರ್ಶಿ.

ಅವರು ಆ ಮೂಲೆಯನ್ನು ಮೆತ್ತಗೆ ನೆಲಕ್ಕಿಟ್ಟು ಬಸ್ಸು ಹತ್ತಿದರು.

ಮೂರು ವಾರವಾಯಿತು. ಮೇಲಿನ ಪೇಟೆಯಲ್ಲಿ ಹಿಟ್ಟು ಮುಗಿಯುತ್ತಿದೆ. ಕೆಳಗಿನ ಸಾಲಿನಲ್ಲಿ ಅದು ಯಾವತ್ತೋ ಮುಗಿದಿದೆ. ಮಕ್ಕಳು ಗಂಜಿ ತಿಳಿ ಕುಡಿದು ಮಲಗುತ್ತವೆ. ಬೇಲಿಗೆ ತುಕ್ಕು ಹತ್ತುತ್ತಿದೆ. ಬಿಸಿಲಿದ್ದ ದಿನ ಅಕ್ಕ ಈಟಿಯ ತುದಿಗಳ ಮೇಲೆ ಒದ್ದೆ ಬಟ್ಟೆ ಹರವುತ್ತಾಳೆ.

ನಿನ್ನೆ ಕಾರ್ಯದರ್ಶಿ ತಾನೇ ಇಳಿದು ಬಂದ. ತಗಡಿನ ಎದುರಿಗೆ ನಿಂತು, ಕನ್ನಡಕ ತೆಗೆದು ಒರೆಸಿ ಹಾಕಿಕೊಂಡ. ಗೂನ ತಲೆ ಎತ್ತಿ ನೋಡಿದ. ಅಕ್ಕ ಮಲಗಿದ್ದವಳು ಮೊಣಕೈ ಊರಿ ಎದ್ದಳು.

"ನೋಡಮ್ಮಾ," ಎಂದ ಕಾರ್ಯದರ್ಶಿ, "ಇದು ಎಷ್ಟು ದಿನ ಅಂತ ಇಲ್ಲೇ ಬಿದ್ದಿರ್ಬೇಕು?"

ಅಕ್ಕ ಬೇಲಿಯ ಮೇಲಿನ ಒಣಗಿದ ಸೀರೆಯನ್ನು ಎಳೆದುಕೊಂಡು ಮಡಿಚಿದಳು. ಒಂದು ಉಸಿರು ತೆಗೆದುಕೊಂಡಳು. ಇನ್ನೊಂದು ತೆಗೆದುಕೊಂಡಳು.

"ಹೊರೆ ನಿಮ್ದು," ಎಂದಳು. "ಹೊತ್ಕೊಂಡು ಹೋಗಿ."